ಮೂರನೆಯ ಮಡಿಕೆಯ ಬಿರುಕು

ಆ ಛಾವಣಿ ಮುಗಿದ ಕೈಗಳಂತಿದೆ ಎಂದು ಹೇಳುವವರಲ್ಲಿ ಒಬ್ಬರೂ ಅದರ ಮೇಲೆ ಹತ್ತಿದವರಲ್ಲ. ಹುಕ್ಕೇರಿ ರಸ್ತೆಯ ಲೂಥರನ್ ವಿಶ್ವವಿದ್ಯಾಲಯಕ್ಕೆ ಅತಿಥಿಗಳು ಬಂದಾಗಲೆಲ್ಲ ಅವರನ್ನು ಪ್ರಾರ್ಥನೆಯ ಚಾಪೆಲ್ಲಿನ ಮುಂದೆ ನಿಲ್ಲಿಸಿ ಒಂದೇ ಕಥೆ ಹೇಳುತ್ತಾರೆ. ಹೊರದೇಶದಿಂದ ಬಂದ ವಾಸ್ತುಶಿಲ್ಪಿಯೊಬ್ಬರು ಘಟಪ್ರಭೆಯ ದಂಡೆಯಲ್ಲಿ ಕುಳಿತಿದ್ದರಂತೆ, ಹೊಲಕ್ಕೆ ಹೊರಟ ರೈತನೊಬ್ಬ ಕೈಮುಗಿದನಂತೆ, ಅವರು ಅಲ್ಲೇ ಕಾಗದ ತೆಗೆದು ಛಾವಣಿಯ ಚಿತ್ರ ಬರೆದರಂತೆ. ಏಳು ಮಡಿಕೆಯ ಛಾವಣಿ ಅದು. ಒಬ್ಬ ರೈತನಿಗೆ ಏಳು ಜೊತೆ ಕೈ ಎಲ್ಲಿಂದ ಬಂದವು ಎಂದು ಯಾರೂ ಕೇಳುವುದಿಲ್ಲ.

ಈಚೆಗೆ ಇದಕ್ಕೆ ಇನ್ನೊಂದು ಕಥೆಯೂ ಸೇರಿಕೊಂಡಿದೆ. ಬೀಳಲಿದ್ದ ಚಾಪೆಲ್ಲನ್ನು ಗೋಕಾಕದ ಒಬ್ಬ ಇಂಜಿನಿಯರ್ ಹುಡುಗಿ ಉಳಿಸಿದಳು ಎಂಬುದು. ಆ ಹುಡುಗಿ ನಾನು. ಈ ಕಥೆ ಮೊದಲಿನದಕ್ಕಿಂತಲೂ ದೊಡ್ಡ ಸುಳ್ಳು. ಚಾಪೆಲ್ ಬೀಳಲಿರಲಿಲ್ಲ. ಬೀಳುತ್ತದೆ ಎಂದು ತುಂಬಿದ ಸಭೆಯಲ್ಲಿ ಸಾಧಿಸಿ ತೋರಿಸಿದವಳೇ ನಾನು. ಆಮೇಲೆ ನನ್ನ ಮಾತನ್ನು ನಾನೇ ಒಂದೊಂದಾಗಿ ಕೀಳಬೇಕಾಯಿತು. ಆ ಆರು ತಿಂಗಳಲ್ಲಿ ಏನೇನಾಯಿತು ಎಂಬುದನ್ನು ನೆನಪಿರುವಾಗಲೇ ಬರೆದಿಡುತ್ತಿದ್ದೇನೆ.

ಕೆಲಸ ಬಂದದ್ದು ದೀಪಾವಳಿ ಮುಗಿದ ಮೇಲೆ. ವಿಶ್ವವಿದ್ಯಾಲಯದ ರಿಜಿಸ್ಟ್ರಾರರು ಗೋಕಾಕದ ನಮ್ಮ ಕಚೇರಿಗೆ ತಾವೇ ಬಂದರು. ಹಳೆಯ ಕಟ್ಟಡಗಳ ಗಟ್ಟಿತನ ಪರೀಕ್ಷಿಸಿ ವರದಿ ಕೊಡುವುದು ನಮ್ಮ ಕೆಲಸ. ಚಾಪೆಲ್ಲಿನ ಛಾವಣಿಯಿಂದ ತಟ್ಟೆಯಷ್ಟು ಅಗಲದ ಕಾಂಕ್ರೀಟಿನ ತುಂಡೊಂದು ಮುಂದಿನ ಬೆಂಚಿನ ಮೇಲೆ ಬಿದ್ದಿತ್ತು. ಆಗ ಒಳಗೆ ಯಾರೂ ಇರಲಿಲ್ಲ. ಅವರು ಅಂದೇ ಬೀಗ ಹಾಕಿಸಿದ್ದರು. ಅದನ್ನು ಕೆಡವಿ ಅದೇ ಜಾಗದಲ್ಲಿ ದೊಡ್ಡ ಸಭಾಂಗಣ ಕಟ್ಟುವ ಆಲೋಚನೆ ಆಡಳಿತ ಮಂಡಳಿಯಲ್ಲಿ ಮೊದಲಿನಿಂದಲೂ ಇತ್ತು. ಈಗ ಬೇಕಾಗಿದ್ದದ್ದು ಒಂದು ವರದಿ.

"ಇರ್ಲಿ ಅಂತಾದ್ರೂ ಬರದು ಕೊಡ್ರಿ, ಕೆಡವ್ರಿ ಅಂತಾದ್ರೂ ಬರದು ಕೊಡ್ರಿ," ಎಂದರು ರಿಜಿಸ್ಟ್ರಾರರು. "ನಡುವ 'ನೋಡೋಣು' ಅಂತ ಮಾತ್ರ ಬರೀಬ್ಯಾಡ್ರಿ. ಇನ್ನೂರು ಹುಡುಗ್ರು ಅದರ ಕೆಳಗ ಕೂಡ್ತಾರ. ನಾಳೆ ಬಿದ್ರ ನಾ ಯಾರಿಗೆ ಮಾರಿ ತೋರಸ್ಲಿ?"

ಈ ಮಾತು ನನಗೆ ಹಿಡಿಸಿತು. ಕಾಲೇಜಿನ ಚರ್ಚಾಸ್ಪರ್ಧೆಗಳಲ್ಲಿ ಪರ ನಿಂತೂ ಗೆದ್ದವಳು ನಾನು, ವಿರೋಧ ನಿಂತೂ ಗೆದ್ದವಳು. ಅಲ್ಲಿ ನಡುವಿನ ಜಾಗವೇ ಇರುವುದಿಲ್ಲ.

ಮೊದಲ ದಿನ ಬೀಗ ತೆಗೆದುಕೊಟ್ಟವರು ಚಾಪೆಲ್ಲಿನ ಉಸ್ತುವಾರಿ ನೋಡುವ ಮಾವಶಿ. ಹೆಸರು ಹಿಡಿದು ಕರೆದದ್ದನ್ನು ನಾನು ಕೇಳಲೇ ಇಲ್ಲ. ಕುಲಪತಿಗಳಿಂದ ಹಿಡಿದು ತೋಟದವರ ತನಕ ಎಲ್ಲರಿಗೂ ಆಕೆ ಮಾವಶಿಯೇ, ಅಂದರೆ ಚಿಕ್ಕಮ್ಮ. ಕಸ ಹೊಡೆಯುವುದು, ಗಂಟೆ ಬಾರಿಸುವುದು, ಹಾಡಿನ ಪುಸ್ತಕ ಹಂಚುವುದು ಎಲ್ಲ ಆಕೆಯ ಕೆಲಸ. ಬಾಗಿಲಲ್ಲೇ ನನ್ನ ಬೂಟು ನೋಡಿದರು.

"ಕೆಡವಾಕ ಬಂದೀರೋ, ಕಟ್ಟಾಕ ಬಂದೀರೋ?"

"ನೋಡಾಕ ಬಂದೇನ್ರಿ."

"ನೋಡೋರು ಬೂಟ ಬಿಟ್ಟ ಬರ್ತಾರವ್ವಾ. ಕೆಡವೋರು ಹಾಕ್ಕೊಂಡ ಬರ್ತಾರ."

ನಾನು ದೇವರ ವಿಷಯಕ್ಕೆ ಮನೆಯಲ್ಲಿ ಅಜ್ಜಿಯೊಂದಿಗೆ ವಾದ ಮಾಡಿ ಮಾಡಿ ಪೂಜೆಯ ಕೋಣೆಯಿಂದ ಹೊರಬಿದ್ದವಳು. ಆದರೂ ಬೂಟು ಬಿಚ್ಚಿದೆ. ವಾದ ಎಲ್ಲಿ ಮಾಡಬಾರದು ಎಂಬುದೂ ಸ್ವಲ್ಪ ಗೊತ್ತಿತ್ತು.

ಒಳಗೆ ಹೋದವರಿಗೆ ಮೊದಲು ಸಿಗುವುದು ದೀಕ್ಷಾಸ್ನಾನದ ಕಲ್ಲಿನ ಬೋಗುಣಿ. ಅದನ್ನು ಬಾಗಿಲಿಗೆ ಎದುರಾಗಿಯೇ ಇಟ್ಟಿದ್ದಾರೆ, ಸುತ್ತಿಕೊಂಡೇ ಒಳಗೆ ಹೋಗಬೇಕು. ಗೋಡೆಗಳು ಗೋಕಾಕದ ಕೆಂಪುಗಲ್ಲಿನವು, ಮೇಲೆ ಸುಣ್ಣದ ಪದರ. ಪಶ್ಚಿಮದ ಗೋಡೆಯ ಮುಂದೆ ಒಂದೇ ಕಲ್ಲಿನ ಬಲಿಪೀಠ. ಗೋಪುರವಿಲ್ಲ, ಕಮಾನಿಲ್ಲ, ಬಣ್ಣದ ಗಾಜಿಲ್ಲ, ಒಂದೂ ವಿಗ್ರಹವಿಲ್ಲ. ಇರುವುದೆಲ್ಲ ತಲೆಯ ಮೇಲೆ. ಮೇಲಂಚಿನಲ್ಲಿ ಗೇಣು ದಪ್ಪ, ಉಳಿದೆಡೆ ನಾಲ್ಕು ಬೆರಳಿನಷ್ಟು ತೆಳುವಾದ ಕಾಂಕ್ರೀಟನ್ನು ಮಡಚಿದ ಕಾಗದದಂತೆ ಏಳು ಮಡಿಕೆ ಮಾಡಿ, ದಕ್ಷಿಣದ ಗೋಡೆಯಿಂದ ಉತ್ತರದ ಗೋಡೆಗೆ, ನಡುವೆ ಒಂದೂ ಕಂಬವಿಲ್ಲದೆ ದಾಟಿಸಿದ್ದಾರೆ. ಪ್ರತಿ ಮಡಿಕೆಯ ಉತ್ತರದ ತುದಿಯಲ್ಲಿ ಮೂರು ಮೂಲೆಯ ಗಾಜು. ಬಿಸಿಲು ಒಳಗೆ ಬರುವುದಿಲ್ಲ, ಬೆಳಕು ಮಾತ್ರ ಬರುತ್ತದೆ.

ಆ ಬೆಳಕಿಗೂ ಒಂದು ಕಥೆಯಿದೆ, ಸ್ವರ್ಗದ ಬೆಳಕು ಎಂದು. ಆದರೆ ಗೋಕಾಕ ಫಾಲ್ಸ್‌ನಲ್ಲಿ ನೂಲಿನ ಗಿರಣಿ ನೋಡಿದವರಿಗೆ ಇದರಲ್ಲಿ ಹೊಸದೇನೂ ಕಾಣಿಸದು. ಅಂಥ ಗಿರಣಿಗಳ ಛಾವಣಿಗೆ ಉತ್ತರದ ಕಡೆಗೇ ಗಾಜು ಹಾಕುವುದು ವಾಡಿಕೆ. ಕಣ್ಣು ಕುಕ್ಕದೆ ಕಡಿದ ಎಳೆ ಕಾಣಬೇಕಲ್ಲ! ವಾಸ್ತುಶಿಲ್ಪಿ ಅದನ್ನು ನೋಡಿಯೇ ಬರೆದರೆನ್ನಲು ನನ್ನ ಬಳಿ ಸಾಕ್ಷಿಯಿಲ್ಲ. ಕೈಮುಗಿದ ರೈತನಿಗೂ ಸಾಕ್ಷಿಯಿಲ್ಲ. ಎರಡರಲ್ಲಿ ಯಾವುದು ನಂಬುವಂತಿದೆ ಎಂದಷ್ಟೇ ನನ್ನ ತಕರಾರು.

ಹತ್ತು ದಿನ ಪರೀಕ್ಷೆ ನಡೆಯಿತು. ಪಶ್ಚಿಮದ ಗೋಡೆಗೆ ತೂಗುಗುಂಡು ಬಿಟ್ಟಾಗ ಗೋಡೆ ಮೇಲ್ತುದಿಯಲ್ಲಿ ಎರಡು ಬೆರಳಿನಷ್ಟು ಹೊರಗೆ ವಾಲಿದ್ದು ಕಾಣಿಸಿತು. ಛಾವಣಿಯ ಮೇಲೆ ಮೂರನೆಯ ಮಡಿಕೆಯ ಏಣಿನ, ಅಂದರೆ ಮೇಲಂಚಿನ, ಉದ್ದಕ್ಕೂ ಒಂದು ಗೆರೆ. ಅದು ಉತ್ತರ, ದಕ್ಷಿಣ ಎರಡೂ ಗೋಡೆಗಳ ಮೇಲಿನ ತೊಲೆಯನ್ನು ಸೀಳಿಕೊಂಡು ಹೋಗಿತ್ತು. ಐದನೆಯ ಮಡಿಕೆಯಲ್ಲೂ ಅಂಥದ್ದೇ ಒಂದು. ಎರಡರ ಅಕ್ಕಪಕ್ಕ ಸಣ್ಣ ಬಿರುಕುಗಳು. ತುಂಡು ಬಿದ್ದದ್ದು ಅಲ್ಲಿಂದಲೇ. ಬಿರುಕುಗಳ ಮೇಲೆ ಅಡ್ಡಲಾಗಿ ಗಾಜಿನ ಪಟ್ಟಿಗಳನ್ನು ಅಂಟಿಸಿದೆ. ಬಿರುಕು ಕೂದಲೆಳೆಯಷ್ಟು ಅಲುಗಿದರೂ ಗಾಜು ಒಡೆಯುತ್ತದೆ, ಸುಳ್ಳು ಹೇಳುವುದಿಲ್ಲ. ರಿಜಿಸ್ಟ್ರಾರರ ಕಪಾಟಿನಲ್ಲಿ ಮೂಲ ನಕ್ಷೆಗಳೂ ಸಿಕ್ಕವು. ಅವುಗಳಲ್ಲಿ ಛಾವಣಿ ಈ ತುದಿಯಿಂದ ಆ ತುದಿಯವರೆಗೆ ಒಂದೇ ಅಖಂಡ ತುಂಡು. ಸಂದು ಎಂಬ ಮಾತೇ ಇಲ್ಲ.

ನಕ್ಷೆಯಲ್ಲಿಲ್ಲದ ಗೆರೆ ಅಂದರೆ ಬಿರುಕು. ಗೋಡೆ ವಾಲಿದೆ ಅಂದರೆ ಪಾಯ ಕುಸಿದಿದೆ. ಸುತ್ತೆಲ್ಲ ಎರೆ ಭೂಮಿ, ಮಳೆಗೆ ಉಬ್ಬಿ ಬೇಸಿಗೆಗೆ ಕುಗ್ಗುವಂಥದ್ದು. ಕೊಂಡಿಗೆ ಕೊಂಡಿ ಸೇರಿತು.

ಡಿಸೆಂಬರಿನ ಮೊದಲ ವಾರ ಮಂಡಳಿಯ ಸಭೆ. ಅರ್ಧ ಗಂಟೆ ಮಾತಾಡಿದೆ. ಎದುರಿನವರು ಏನು ಕೇಳಬಹುದೆಂದು ಮೊದಲೇ ಊಹಿಸಿ ಉತ್ತರ ಕಟ್ಟಿಕೊಂಡಿದ್ದೆ. ಕೊನೆಗೆ ಒಂದು ಮಾತು ಹೆಚ್ಚೇ ಆಡಿದೆ. ಮೂರನೆಯ ಮತ್ತು ಐದನೆಯ ಮಡಿಕೆಯಲ್ಲಿ ಕಾಂಕ್ರೀಟು ಹಾಕಿದವರು ಅರ್ಧಕ್ಕೆ ಬಿಟ್ಟು ಮನೆಗೆ ಹೋಗಿ, ಮರುದಿನ ಬಂದು ಮುಂದುವರಿಸಿದಂತಿದೆ, ಸೋಮಾರಿಗಳ ಕೆಲಸ ಎಂದೆ. ಕೆಲವರು ನಕ್ಕರು. ಬಾಗಿಲ ಬಳಿ ವಿಶ್ವವಿದ್ಯಾಲಯದ ಕಲ್ಲು-ಗಾರೆ ಕೆಲಸದ ಖಾಯಂ ಗೌಂಡಿ ನಿಂತಿದ್ದರು. ಅಂಕಲಗಿ ಊರಿನವರು, ಅರವತ್ತರ ಆಚೀಚೆ ಇರಬಹುದು. ನನಗೆ ಏಣಿ ಕಟ್ಟಿಕೊಟ್ಟವರು ಅವರೇ. ನಗದೆ ಹೊರಗೆ ಹೋದರು. ಅದರ ಅರ್ಥ ನನಗೆ ಆಗ ಆಗಲಿಲ್ಲ.

ಸಭೆ ಬಹುಮತದಿಂದ ಒಪ್ಪಿತು. ಬೇಸಿಗೆ ರಜೆಯಲ್ಲಿ ಕೆಡವುವುದು, ಕ್ರಿಸ್ಮಸ್ ಆರಾಧನೆ ಹೊರಗೆ ಪೆಂಡಾಲಿನಲ್ಲಿ. ಒಂದೇ ಒಂದು ಔಪಚಾರಿಕತೆ ಉಳಿದಿತ್ತು. ಪಾಯ ಕುಸಿದದ್ದಕ್ಕೆ ಪುರಾವೆಯಾಗಿ ಗೋಡೆಯ ಬುಡದಲ್ಲಿ ಒಂದು ಗುಂಡಿ ತೋಡಿ, ಫೋಟೊ ತೆಗೆದು ವರದಿಗೆ ಲಗತ್ತಿಸಬೇಕು.

ಗುಂಡಿ ತೋಡಲು ಹೋದದ್ದು ಡಿಸೆಂಬರ್ ನಡುವಿನಲ್ಲಿ. ಮೊದಲು ಗಾಜಿನ ಪಟ್ಟಿ ನೋಡೋಣವೆಂದು ಒಳಗೆ ಹೋದರೆ ಒಂದೂ ಕಾಣಿಸಲಿಲ್ಲ. ನಾನು ಪೆನ್ಸಿಲಿನಲ್ಲಿ ಬರೆದ ಗುರುತು, ದಿನಾಂಕ, ಬಾಣ ಎಲ್ಲವೂ ಹೊಚ್ಚಹೊಸ ಸುಣ್ಣದೊಳಗೆ ಹೋಗಿದ್ದವು. ಏಣಿ ಹತ್ತಿ ನೋಡಿದರೆ ಮೇಲಿನ ಬಿರುಕಿನ ತುಂಬ ಹಸಿ ಸಿಮೆಂಟು.

"ಮಾವಶೀ! ಯಾರು ಮಾಡಿದ್ರಿ ಇದನ್ನ?"

"ಈ ವರ್ಷ ಮೂಡಲಗಿ ಕಡೆಯವರ ಪಾಳಿ. ಮಸಗುಪ್ಪಿಯಿಂದ ಎರಡು ಮನಿಯವರು ಬಂದಿದ್ರು."

"ಚಾಪೆಲ್ ಬಂದ್ ಐತಲ್ರಿ! ಕೆಡವಾಕ ಠರಾವ ಆಗೇತಿ!"

"ಅದು ಬ್ಯಾಸಗ್ಯಾಗ. ಕ್ರಿಸ್ಮಸ್ ಈಗ ಐತಿ. ಸಾಯೋ ಮನಶಾಗೂ ಹಬ್ಬಕ್ಕ ಜಳಕಾ ಮಾಡಸ್ತಾರವ್ವಾ."

ನಾನು ಸಿಟ್ಟಿನಿಂದ ಏನೇನೋ ಅಂದೆ. ಬಿರುಕು ಕಟ್ಟಡದ ಬಾಯಿ, ಅದನ್ನು ಮುಚ್ಚಿದರೆ ರೋಗ ಹೇಗೆ ಗೊತ್ತಾಗಬೇಕು ಎಂದೆಲ್ಲ. ಮಾವಶಿ ಸೊಂಟದ ಮೇಲೆ ಕೈಯಿಟ್ಟು ಪೂರ್ತಿ ಕೇಳಿಸಿಕೊಂಡರು.

"ನಿಮ್ಮ ಭಾಷಣ ಚಲೋ ಐತಿ ಮೇಡಮ್ಮಾರ. ಆದ್ರ ನಾವೇನು ಹೊಸಾದ ಮಾಡೇವಾ? ನಕ್ಷಾ ಬರದ ಆ ಸಾಹೇಬ ಗಾರಿ ಗಿಲಾವು ಇಲ್ದಽ ಹಸಿ ಗ್ವಾಡಿ, ಹಲಗಿ ಗೆರಿ ಮೂಡಿದ ಛತ್ತು ಹಂಗಽ ಬಿಟ್ಟ ಹೋದ. ಗಿಲಾವು ಇಲ್ಲದ ಮನಿ ಬಡವರ ಮನಿ ಅಂತಾರ. ದೇವರ ಮನಿಗೆ ಹಂಗ ಅನಿಸಬಾರದಂತ ನಮ್ಮ ಹಿರಿಯಾರು ವರ್ಷಾ ಕ್ರಿಸ್ಮಸ್ಸಿಗೆ ಸುಣ್ಣಾ ಬಳದು, ಸಂದಿಗೆ ಸಿಮಿಟ ತುಂಬೂ ಸೇವಾ ಹಚ್ಚಿದ್ರು. ಒಂದು ವರ್ಷ ಗೋಕಾಕದವರು, ಒಂದು ವರ್ಷ ಹುಕ್ಕೇರಿಯವರು, ಒಂದು ವರ್ಷ ಮೂಡಲಗಿಯವರು. ಮ್ಯಾಲ ಹತ್ತಾಕ ನಮ್ಮವರಿಗೆ ಅಂಜಿಕಿ. ಛತ್ತಿನ ಕೆಲಸ ಗೌಂಡಿ ಕಾಕಾಗ ಬಿಟ್ಟಿರ್ತೇವಿ."

ಆ ಮಾತಿನಲ್ಲಿ ಎಲ್ಲ ಉತ್ತರವೂ ಇತ್ತು. ನನಗೆ ಕೇಳಿಸಲಿಲ್ಲ. ನನ್ನ ತಲೆಯಲ್ಲಿದ್ದದ್ದು ಹಾಳಾದ ಗಾಜಿನ ಪಟ್ಟಿಗಳು ಮಾತ್ರ.

ಹೊರಗೆ ಗೌಂಡಿ ಕಾಕಾ ಗುಂಡಿ ತೋಡುತ್ತಿದ್ದರು. ಎರಡು ಅಡಿ ಎರೆ ಮಣ್ಣು ಬಂತು. ನಾನು ಫೋಟೊ ತೆಗೆದೆ. ಮೂರನೆಯ ಅಡಿಗೆ ಹಾರೆ ಠಣ್ ಎಂದಿತು.

"ಗರಸು," ಎಂದರು. ಗಟ್ಟಿ ಕೆಂಪು ಜಲ್ಲಿ ಮಣ್ಣು ಅದು. ಇನ್ನೊಂದು ಅಡಿ ಕಷ್ಟಪಟ್ಟು ತೋಡಿದರೆ ಬಂಡೆ. ಪಾಯ ಆ ಬಂಡೆಯ ಮೇಲೆ, ನಿನ್ನೆ ಇಟ್ಟಂತೆ ಕೂತಿತ್ತು. ಒಂದು ಕೂದಲು ಸೇರುವಷ್ಟು ಸಂದೂ ಇರಲಿಲ್ಲ.

"ಬಾಜೂಕ ಇನ್ನೊಂದು ತೋಡ್ರಿ ಕಾಕಾ."

ಇನ್ನೊಂದು ತೋಡಿದರು. ಅಲ್ಲೂ ಬಂಡೆಯೇ. ಹಾರೆ ಒರಗಿಸಿ, ಬೆವರು ಒರೆಸಿಕೊಂಡು ಕೇಳಿದರು, "ಇನ್ನೂ ತೋಡ್ಲ್ಯಾ ತಂಗಿ? ಮಣ್ಣು ಸಿಗೂತನಾ ತೋಡೂದಾದ್ರ ಆ ಹೊಲಾ ತನಕಾ ಹೋಗಬೇಕಾಕ್ಕೈತಿ."

ನಗು ಬರುವ ಮಾತು. ನನಗೆ ಬರಲಿಲ್ಲ. ಪಾಯ ಕುಸಿದಿಲ್ಲ ಅಂದರೆ ಗೋಡೆ ಯಾಕೆ ವಾಲಿತು? ಸಭೆಯಲ್ಲಿ ಅರ್ಧ ಗಂಟೆ ಹೇಳಿದ ಮಾತಿಗೆ ಬುಡವೇ ಇರಲಿಲ್ಲ. ಚರ್ಚಾಸ್ಪರ್ಧೆಯಾಗಿದ್ದರೆ ಕಪ್ ತೆಗೆದುಕೊಂಡು ಮನೆಗೆ ಹೋಗಬಹುದಿತ್ತು. ಇಲ್ಲಿ ಬೇಸಿಗೆಗೆ ಜೆಸಿಬಿ ಬರುತ್ತದೆ.

ಕನಿಷ್ಠ ಬಿರುಕನ್ನಾದರೂ ಮತ್ತೆ ತೆರೆದು ನೋಡೋಣವೆಂದು ಛಾವಣಿ ಹತ್ತಿದೆ. ಸಿಮೆಂಟು ಇನ್ನೂ ಪೂರ್ತಿ ಬಿಗಿದಿರಲಿಲ್ಲ. ತಂತಿಯಿಂದ ಕೆರೆದೆ. ಹೊಸ ಸಿಮೆಂಟಿನ ಕೆಳಗೆ ಹಳೆಯದು, ಅದರ ಕೆಳಗೆ ಇನ್ನೂ ಹಳೆಯದು, ತೆಳುವಾದ ಪದರಗಳು. ಒಂದು ಕಡೆ ಹಳೆಯ ತುಂಡು ಕಿತ್ತು ಬಂದಾಗ ತಂತಿಯ ಕೊಕ್ಕೆಗೆ ಕಪ್ಪನೆಯ ನಾರು ಸಿಕ್ಕಿಕೊಂಡು ಬಂತು. ಮೂಸಿದೆ. ಡಾಂಬರು. ಡಾಂಬರಿನಲ್ಲಿ ಅದ್ದಿದ ಗೋಣಿಯ ನಾರು.

ಬಿರುಕಿನೊಳಗೆ ಗೋಣಿ ತಾನಾಗಿ ಬೆಳೆಯುವುದಿಲ್ಲ. ಯಾರೋ ಕೈಯಾರೆ ಇಟ್ಟಿದ್ದಾರೆ, ಅದೂ ಕಾಂಕ್ರೀಟು ಹಾಕುವಾಗಲೇ. ಅಂದರೆ ಇದು ಬಿರುಕಲ್ಲ. ಬೇಕೆಂದೇ ಬಿಟ್ಟ ಸಂದು. ಆ ವಾಸ್ತುಶಿಲ್ಪಿಗೆ ನಮ್ಮ ಕಡೆಯ ಏಪ್ರಿಲ್ ಗೊತ್ತಿರಲಿಲ್ಲವೇನೋ, ಇಲ್ಲಿ ಕಾಂಕ್ರೀಟು ಎಷ್ಟು ಹಿಗ್ಗುತ್ತದೆಂದು ಅವರ ನಕ್ಷೆಗೂ ಗೊತ್ತಿರಲಿಲ್ಲ. ಕಟ್ಟುವ ಹೊತ್ತಿಗೆ ಯಾರಿಗೋ ಗೊತ್ತಿತ್ತು. ಛಾವಣಿಯನ್ನು ಮೂರು ತುಂಡು ಮಾಡಿ, ಹಿಗ್ಗಲು ನಡುವೆ ಜಾಗ ಬಿಟ್ಟು, ಮೆತ್ತನೆಯ ಗೋಣಿ ತುರುಕಿದ್ದರು.

ಏಣಿನ ಮೇಲೆ ಕುಳಿತಾಗ ಮಾವಶಿಯ ಮಾತು ನಿಧಾನಕ್ಕೆ ಕೇಳಿಸತೊಡಗಿತು. ವರ್ಷಾ ಕ್ರಿಸ್ಮಸ್ಸಿಗೆ. ಕ್ರಿಸ್ಮಸ್ ಬರುವುದು ಥಂಡಿಯಲ್ಲಿ. ಥಂಡಿಗೆ ಛಾವಣಿ ಕುಗ್ಗುತ್ತದೆ, ಸಂದು ಪೂರ್ತಿ ಬಾಯಿ ತೆರೆಯುತ್ತದೆ. ಸರಿಯಾಗಿ ಆಗಲೇ ಅದರ ಬಾಯಿಗೆ ಸಿಮೆಂಟು. ಬೇಸಿಗೆಗೆ ಹಿಗ್ಗಲು ಜಾಗವಿಲ್ಲದೆ ಛಾವಣಿ ಗೋಡೆಯನ್ನೇ ಹೊರಗೆ ದಬ್ಬುತ್ತದೆ. ಮುಂದಿನ ಥಂಡಿಗೆ ಮತ್ತೆ ಕೂದಲೆಳೆಯಷ್ಟು ಸಂದು ಬಿಡುತ್ತದೆ, ಮತ್ತೆ ಸಿಮೆಂಟು ತುಂಬುತ್ತಾರೆ. ಬೇಸಿಗೆಯಲ್ಲಿ ಸುಣ್ಣ ಬಳಿಯುವ ರೂಢಿ ಇದ್ದಿದ್ದರೆ ಇಷ್ಟು ಕೆಡುತ್ತಿರಲಿಲ್ಲ. ಮೂರು ತಾಲೂಕಿನ ಭಕ್ತರು ಪಾಳಿ ಹಚ್ಚಿಕೊಂಡು, ಅಕ್ಕರೆಯಿಂದಲೇ, ವರ್ಷಕ್ಕೊಂದು ಪದರದಂತೆ ತಮ್ಮ ಚಾಪೆಲ್ಲಿನ ಗೋಡೆ ದಬ್ಬಿದ್ದರು.

ರಿಜಿಸ್ಟ್ರಾರರಿಗೆ ಫೋನ್ ಮಾಡಿದೆ.

"ಸರ್, ಸಭೆಯೊಳಗ ನಾ ಹೇಳಿದ್ದು ತಪ್ಪು."

"ಯಾವುದು ತಪ್ಪು?"

"ಎಲ್ಲಾ."

"ಅಲ್ರಿ ಮೇಡಂ, ಆವತ್ತು ಅಷ್ಟು ಖಡಕ್ ಹೇಳಿದವರೂ ನೀವಽ, ಇವತ್ತು ಹಿಂಗ ಅನ್ನೋರೂ ನೀವಽ. ನಾ ಯಾವ ನಿಮ್ಮನ್ನ ನಂಬಲಿ?"

ನ್ಯಾಯವಾದ ಪ್ರಶ್ನೆ. ಯಾರನ್ನೂ ನಂಬಬೇಡಿ, ಮೇ ಕೊನೆಯವರೆಗೆ ಸಮಯ ಕೊಡಿ ಎಂದೆ. ಮೂರನೆಯ ಮಡಿಕೆಯ ಸಂದಿನಿಂದ ಸಿಮೆಂಟನ್ನೆಲ್ಲ ತೆಗೆಯುತ್ತೇನೆ. ಐದನೆಯದನ್ನು ಮುಟ್ಟುವುದಿಲ್ಲ. ಎರಡೂ ಸಂದುಗಳ ಅಕ್ಕಪಕ್ಕದ ಸಣ್ಣ ಬಿರುಕುಗಳ ಮೇಲೆ ಹೊಸ ಗಾಜು ಅಂಟಿಸಿ ಬೇಸಿಗೆ ಕಳೆಯುತ್ತೇನೆ. ನಾನು ಹೇಳುವುದು ಖರೆ ಇದ್ದರೆ ಮೂರನೆಯದರ ಪಕ್ಕದ ಗಾಜು ಉಳಿಯಬೇಕು.

ನಮ್ಮ ಕಚೇರಿಯ ಹಿರಿಯರು ಬೇಡವೆಂದರು. ನಮ್ಮ ಕೆಲಸ ವರದಿ ಬರೆಯುವುದು, ಛಾವಣಿ ಕೊಯ್ಯುವುದಲ್ಲ. ಅವರ ಅಂಜಿಕೆ ಸುಳ್ಳಾಗಿರಲಿಲ್ಲ. ಅಷ್ಟು ವರ್ಷದ ಸಿಮೆಂಟೇ ಈಗ ಛಾವಣಿಯನ್ನು ಹಿಡಿದಿಟ್ಟಿದ್ದರೆ, ತೆಗೆದ ದಿನವೇ ಕುಸಿಯಬಹುದಿತ್ತು. ಒಳಗೆ ಬೆಂಚುಗಳನ್ನೆಲ್ಲ ಸರಿಸಿ, ಮಡಿಕೆಯ ಕೆಳಗೆ ಸಾಲಾಗಿ ಉಕ್ಕಿನ ಊರುಗೋಲು ಕೊಟ್ಟೆ. ಜವಾಬ್ದಾರಿ ನನ್ನದೆಂದು ಸಹಿ ಮಾಡಿ ಕೊಟ್ಟೆ. ರಿಜಿಸ್ಟ್ರಾರರು ಅದರ ಕೆಳಗೆ ತಮ್ಮ ಕೈಯಾರೆ ಒಂದು ಸಾಲು ಸೇರಿಸಿದರು: ಒಂದು ಗಾಜು ಒಡೆದರೂ ಜೂನಿನಲ್ಲಿ ಕೆಡವಲಾಗುವುದು.

ಜನವರಿಯಲ್ಲಿ ಗೌಂಡಿ ಕಾಕಾ ಸಂದು ತೆರೆದರು. ನಾಲ್ಕು ದಿನ. ಮಷಿನ್ ಬೇಡವೆಂದಿದ್ದೆ, ಅದುರುತ್ತದೆ. ಉಳಿ, ಸುತ್ತಿಗೆ ಮಾತ್ರ. ಕೊನೆಯ ತುಂಡು ಹೊರಬಂದಾಗ ನಾನು ಕೆಳಗೆ ಬೋಗುಣಿಯ ಪಕ್ಕ ನಿಂತಿದ್ದೆ. ಬೇರೆಯವರನ್ನೆಲ್ಲ ಹೊರಗೆ ಕಳಿಸಿದ್ದೆ. ಏನೂ ಆಗಲಿಲ್ಲ. ಒಂದು ಹಿಡಿ ಪುಡಿ ಉದುರಿತು, ಅಷ್ಟೆ.

ಕೆಲಸ ಮುಗಿಸಿ ಇಳಿದು ಬಂದು ಕಾಕಾ ತಾವಾಗಿಯೇ ಒಂದು ಮಾತು ಹೇಳಿದರು. "ಈ ಛತ್ತಿಗೆ ಕಾಂಕ್ರೀಟ ಹಾಕೂ ಮುಂದ ನಮ್ಮಪ್ಪ ಮೇಸ್ತ್ರಿ ಇದ್ದ. ಅದಕ್ಕಿಂತ ಮೊದಲ ಫಾಲ್ಸಿನ ಗಿರಣ್ಯಾಗ ಛತ್ತಿನ ಕೆಲಸ ಮಾಡ್ತಿದ್ದ."

ಸಭೆಯಲ್ಲಿ ನಾನು ಸೋಮಾರಿ ಎಂದದ್ದು ಯಾರಿಗೆ ಎಂದು ಆಗ ಗೊತ್ತಾಯಿತು. ತಪ್ಪಾಯಿತು ಕಾಕಾ ಎಂದೆ. ಅವರು ಉಳಿಗೆ ಅಂಟಿದ ಡಾಂಬರು ಒರೆಸುತ್ತಿದ್ದರು. "ನೀವು ಓದಿದವರು, ಕಂಡಿದ್ದು ಹೇಳಿದ್ರಿ," ಎಂದರು. ಸಮಾಧಾನವೋ ಕುಟುಕೋ ತಿಳಿಯಲಿಲ್ಲ.

ದಿನಾ ಬೆಳಿಗ್ಗೆ ಏಳಕ್ಕೆ, ಮಧ್ಯಾಹ್ನ ಮೂರಕ್ಕೆ ಸಂದಿನ ಅಗಲ ಅಳೆಯಬೇಕಿತ್ತು. ಗೋಕಾಕದಿಂದ ದಿನಾ ಎರಡು ಸಲ ಬರಲಾಗದು. ಒಳಗಿನಿಂದಲೇ ಕೈಗೆಟಕುವಂತೆ ತೊಲೆಯ ಪಕ್ಕ ಏಣಿ ಇಟ್ಟು, ಮಾವಶಿಗೆ ಉಕ್ಕಿನ ಅಳತೆಪಟ್ಟಿ, ಒಂದು ವಹಿ ಕೊಟ್ಟೆ. ವಾರ ಬಿಟ್ಟು ಹೋದರೆ ಹದಿನಾಲ್ಕು ಅಳತೆಗಳೂ ಅಕ್ಷರಶಃ ಒಂದೇ. ಇಪ್ಪತ್ನಾಲ್ಕು ಮಿಲಿಮೀಟರ್, ಇಪ್ಪತ್ನಾಲ್ಕು ಮಿಲಿಮೀಟರ್. ಸಂದು ಅಲುಗುತ್ತಲೇ ಇಲ್ಲವೆಂದರೆ ನನ್ನ ಎರಡನೆಯ ವಾದವೂ ಬಿದ್ದಂತೆ.

"ಮಾವಶೀ, ಖರೆ ಹೇಳ್ರಿ. ದಿನಾ ಅಳದೀರೇನು?"

"ಅಳದೇನವ್ವಾ! ಆದ್ರ ಒಮ್ಮೊಮ್ಮೆ ಬ್ಯಾರೆ ಬರ್ತಿತ್ತು. ಮೊದಲನೇ ದಿನಾ ನೀವು ಇಪ್ಪತ್ನಾಕು ಬರದಿದ್ರೆಲ್ಲಾ. ಇಂಜಿನಿಯರ ಬರದದ್ದು ತಪ್ಪಾಗೂದಿಲ್ಲಂತ ನನ್ನ ಅಳತಿನಽ ಸರಿ ಮಾಡಿ ಬರದೆ."

ಏಣಿಯ ಮೆಟ್ಟಿಲ ಮೇಲೇ ಕೂತು ನಕ್ಕೆ. ಮಾವಶಿಯೂ ನಕ್ಕರು, ಯಾಕೆಂದು ಗೊತ್ತಿಲ್ಲದೆ. ಆಮೇಲೆ ಹೇಳಿದೆ: ಈ ಇಂಜಿನಿಯರ್ ಬರೆದದ್ದೇ ತಪ್ಪಾಗಿ ಚಾಪೆಲ್ ಕೆಡವುವ ಠರಾವಾಗಿದೆ, ನಿಮ್ಮ ಕಣ್ಣಿಗೆ ಕಂಡದ್ದನ್ನೇ ಬರೆಯಿರಿ. ಅಂದಿನಿಂದ ವಹಿ ಮಾತಾಡತೊಡಗಿತು. ಬೆಳಿಗ್ಗೆಗೂ ಮಧ್ಯಾಹ್ನಕ್ಕೂ ವ್ಯತ್ಯಾಸ. ಫೆಬ್ರುವರಿಗಿಂತ ಮಾರ್ಚಿನಲ್ಲಿ ಕಡಿಮೆ, ಮಾರ್ಚಿಗಿಂತ ಏಪ್ರಿಲಿನಲ್ಲಿ ಕಡಿಮೆ. ಇಪ್ಪತ್ತೆರಡು, ಇಪ್ಪತ್ತು, ಹದಿನೆಂಟು. ಬೇಸಿಗೆಗೆ ಸಂದು ನಿಧಾನಕ್ಕೆ ಬಾಯಿ ಮುಚ್ಚುತ್ತಿತ್ತು. ಪಕ್ಕದ ಬಿರುಕುಗಳ ಮೇಲಿನ ಗಾಜು ಹಾಗೇ ಇತ್ತು.

ಏಪ್ರಿಲ್ ಕೊನೆಯ ವಾರ ಮಾವಶಿಯ ಫೋನು. "ಯವ್ವಾ, ಒಂದು ಕಾಜು ಒಡದೈತಿ."

ಸ್ಕೂಟಿಯಲ್ಲಿ ಹೊರಟವಳಿಗೆ ದಾರಿಯುದ್ದಕ್ಕೂ ರಿಜಿಸ್ಟ್ರಾರರು ಸೇರಿಸಿದ್ದ ಆ ಸಾಲೇ ಕಣ್ಣ ಮುಂದೆ. ನಾನು ಮುಟ್ಟುವಷ್ಟರಲ್ಲಿ ಅವರೂ ಬಂದಿದ್ದರು. ಸೊಕ್ಕಿನಿಂದಲ್ಲ, ಸಂಕಟದಿಂದಲೇ ಹೇಳಿದರು, "ನಾ ಏನ್ ಮಾಡ್ಲಿ ಹೇಳ್ರಿ? ಕಾಗದದಾಗ ಬರದೈತಿ."

ಏಣಿ ಹತ್ತಿ ನೋಡಿದೆ. ಒಡೆದದ್ದು ಐದನೆಯ ಮಡಿಕೆಯ ಪಕ್ಕದ ಗಾಜು. ನಾವು ತೆರೆಯದೆ ಸಿಮೆಂಟು ತುಂಬಿದ್ದಂತೆಯೇ ಬಿಟ್ಟಿದ್ದ ಸಂದು ಅದು. ಮೂರನೆಯದರ ಸುತ್ತಲಿನ ಆರೂ ಗಾಜು ಹುಲ್ಲುಕಡ್ಡಿಯಷ್ಟೂ ಬಿರುಕಿಲ್ಲದೆ ಇದ್ದವು.

ವಾದ ನಾಲಿಗೆಯ ತುದಿಗೆ ಬಂದಿತ್ತು. ಈ ಗಾಜು ನಮ್ಮ ವಿರುದ್ಧ ಒಡೆದದ್ದಲ್ಲ ಸರ್, ನಮ್ಮ ಪರವಾಗಿ ಒಡೆದದ್ದು. ಆದರೆ ಇದೇ ನಾಲಿಗೆಯಿಂದ ಇದೇ ಮನುಷ್ಯರನ್ನು ಡಿಸೆಂಬರಿನಲ್ಲಿ ಒಮ್ಮೆ ಒಪ್ಪಿಸಿದ್ದೆ. ಒಪ್ಪಿಸುವುದು ನನಗೆ ಸಲೀಸು, ಅದೇ ತೊಂದರೆ. ವಾದ ನುಂಗಿಕೊಂಡೆ.

"ಸರ್, ನಾಳೆ ಮುಂಜಾನೆ ಏಳಕ್ಕ ಒಮ್ಮೆ, ಮಧ್ಯಾಹ್ನ ಮೂರಕ್ಕ ಒಮ್ಮೆ ನನ್ನ ಕೂಡ ಮ್ಯಾಲ ಹತ್ರಿ. ಆಮ್ಯಾಲ ನೀವು ಹೇಳಿದ್ದಽ ಖರೆ."

"ನಾನು? ಈ ಏಣಿ ಮ್ಯಾಲ?"

ಕೆಳಗಿನಿಂದ ಮಾವಶಿ ಎಂದರು, "ನಾ ದಿನಾ ಎರಡ ಸಲ ಹತ್ತತೇನ್ರಿ ಸಾಹೇಬ್ರ. ಸೀರಿ ಉಟಕೊಂಡು."

ಮರುದಿನ ಬೆಳಿಗ್ಗೆ ಅವರು ಛಾವಣಿಯ ಏಣಿನ ಮೇಲೆ ಅಂಬೆಗಾಲಿಟ್ಟು ಬಂದರು. ಗೌಂಡಿ ಕಾಕಾ ಸಂದಿನ ಅಗಲಕ್ಕೆ ಸರಿಯಾಗಿ ಕೆತ್ತಿದ ಬೇವಿನ ಕಟ್ಟಿಗೆಯ ತುಂಡೊಂದನ್ನು ಅವರ ಕೈಗೆ ಕೊಟ್ಟರು. ರಿಜಿಸ್ಟ್ರಾರರು ಅದನ್ನು ಮೂರನೆಯ ಮಡಿಕೆಯ ಸಂದಿನಲ್ಲಿ ಇಳಿಸಿದರು, ತೆಗೆದರು, ಮತ್ತೆ ಇಳಿಸಿದರು. ಸಲೀಸಾಗಿ ಹೋಗಿ ಬರುತ್ತಿತ್ತು. ಅದನ್ನು ಅಲ್ಲೇ ಬಿಟ್ಟು ಇಳಿದೆವು. ಮಧ್ಯಾಹ್ನ ಮೂರಕ್ಕೆ ಹತ್ತಿದಾಗ ಕಾಂಕ್ರೀಟು ಅಂಗಾಲು ಸುಡುತ್ತಿತ್ತು, ಗೋಣಿ ಹಾಸಿಕೊಂಡು ಕೂತೆವು. ಅವರು ಕಟ್ಟಿಗೆ ಎಳೆದರು. ಬರಲಿಲ್ಲ. ಎರಡೂ ಕೈಯಿಂದ ಎಳೆದರು. ಛಾವಣಿ ಹಲ್ಲು ಕಚ್ಚಿ ಹಿಡಿದಿತ್ತು. ಅದೇ ಕಟ್ಟಿಗೆಯನ್ನು ಮತ್ತೊಮ್ಮೆ ಮುಟ್ಟಿ ನೋಡಿದರು.

"ಇದು ದಿನಾ ಹಿಂಗ ಅಳ್ಳಾಡತೈತೇನು?"

"ದಿನಾ."

"ಮತ್ತ ಅಲ್ಲಿ?" ಐದನೆಯ ಮಡಿಕೆ ತೋರಿಸಿದರು.

"ಅಲ್ಲಿ ಅಳ್ಳಾಡಾಕ ಜಾಗಾ ಇಲ್ಲ. ಅದಕ್ಕ ಗ್ವಾಡಿ ದಬ್ಬಾಕತ್ತೈತಿ."

ಸೋಮವಾರ ಮಂಡಳಿಯ ತುರ್ತು ಸಭೆ ಕರೆದರು. ನನ್ನನ್ನು ಮಾತಾಡಲು ಬಿಡಲಿಲ್ಲ. ತಾವೇ ಎದ್ದು ನಿಂತು, ಕಟ್ಟಿಗೆಯ ತುಂಡನ್ನು ಮೇಜಿನ ಮೇಲಿಟ್ಟು, ಕಂಡದ್ದನ್ನು ಐದು ನಿಮಿಷದಲ್ಲಿ ಹೇಳಿದರು. ಕೆಡವುವ ಠರಾವು ರದ್ದಾಯಿತು. ಐದನೆಯ ಸಂದನ್ನೂ ತೆರೆಯುವುದು, ಎರಡೂ ಸಂದಿಗೆ ಡಾಂಬರು ಗೋಣಿ ತುಂಬಿ ಮೇಲೆ ತಗಡಿನ ಟೊಪ್ಪಿಗೆ ಹಾಕುವುದು, ಕಾಂಕ್ರೀಟಿನೊಳಗೆ ತುಕ್ಕು ಹಿಡಿದ ಸರಳುಗಳ ದುರಸ್ತಿ, ವಾಲಿದ ಗೋಡೆಗೆ ಎರಡು ಆಧಾರಗಂಬ. ಸುಣ್ಣದ ಸೇವೆ ಬೇಕಾದರೆ ಗೋಡೆಗೆ ಮಾತ್ರ, ಛಾವಣಿಯ ಸಂದಿಗೆ ಸಿಮೆಂಟು ಎಂದೂ ಇಲ್ಲ.

ಹೊರಗೆ ಬಂದು ಬೇವಿನ ನೆರಳಲ್ಲಿ ಕುಳಿತೆ. ಗೆದ್ದಾಗ ಹೀಗೆ ಒಬ್ಬಳೇ ಎಂದೂ ಕುಳಿತಿರಲಿಲ್ಲ. ಇದು ಗೆದ್ದದ್ದೂ ಅಲ್ಲ. ನನ್ನ ಕೈಯಿಂದ ಆಗಲಿದ್ದ ಒಂದು ಅನಾಹುತ ತಪ್ಪಿತ್ತು. ಮಾವಶಿ ಚಹಾ ತಂದುಕೊಟ್ಟು, "ಉಸರ ಬಿಡವ್ವಾ ಈಗ," ಎಂದರು. ಬಿಟ್ಟೆ.

ಮೇ ಎರಡನೆಯ ವಾರ ಐದನೆಯ ಸಂದಿನ ಕೆಲಸ ಶುರುವಾಯಿತು. ಈಗ ಛಾವಣಿ ಬಿದ್ದೀತೆಂಬ ಆತಂಕವಿರಲಿಲ್ಲ. ಏಣಿನ ಮೇಲೆ ಕೊಡೆ ಹಿಡಿದು ಕುಳಿತು ಗೌಂಡಿ ಕಾಕಾನ ಕೈಕೆಲಸ ನೋಡುತ್ತಿದ್ದೆ. ಮೂರನೆಯ ಮಡಿಕೆಯಲ್ಲಿ ಗೋಣಿ ಸಿಕ್ಕಿದ್ದು ಎರಡು ಇಂಚಿನ ಆಳದಲ್ಲಿ. ಇಲ್ಲೂ ಅಷ್ಟೇ ಇರಬೇಕೆಂದು ವರದಿಯಲ್ಲಿ ಬರೆದಿದ್ದೆ. ಕಾಕಾ ಗಿಡ್ಡ ಉಳಿಯನ್ನು ಚೀಲದಿಂದ ತೆಗೆಯಲೇ ಇಲ್ಲ. ಮೊದಲ ಏಟಿಗೇ ಉದ್ದನೆಯ ಉಳಿ ಹಿಡಿದರು. ಎರಡು ಇಂಚಾಯಿತು, ಗೋಣಿಯಿಲ್ಲ. ಮೂರಾಯಿತು, ಇಲ್ಲ. ಅವರು ತಂತಿ ಹಾಕಿ ನೋಡಲಿಲ್ಲ, ಬಗ್ಗಿ ಇಣುಕಲಿಲ್ಲ. ನಾಲ್ಕು ಇಂಚಿಗೆ ಬಂದಾಗ ಸುತ್ತಿಗೆಯ ಏಟು ತಾನಾಗಿ ಹಗುರಾಯಿತು. ಇನ್ನೆರಡು ಏಟು, ಉಳಿ ನಿಂತಿತು. ಸಿಮೆಂಟಿನ ತುಂಡು ಎತ್ತಿದರು. ಅದರ ಕೆಳಗೆ ಕಪ್ಪು ಗೋಣಿ, ಒಂದು ಎಳೆಯೂ ಕಡಿದಿರಲಿಲ್ಲ.

ಅಳತೆಪಟ್ಟಿ ಇಳಿಸಿದೆ. ಸರಿಯಾಗಿ ನಾಲ್ಕೂಕಾಲು ಇಂಚು. ನಕ್ಷೆಯಲ್ಲಿಲ್ಲ, ನನ್ನ ವರದಿಯಲ್ಲಿಲ್ಲ, ಯಾವ ಕಾಗದದಲ್ಲೂ ಇಲ್ಲದ ಅಳತೆ. ಗೋಣಿ ಇಟ್ಟವರಿಂದಲೇ ಕೇಳಿ ತಿಳಿದಿದ್ದರೆ ಮಾತ್ರ ಕೈಗೆ ಬರುವಂಥದ್ದು.

"ಕಾಕಾ," ಎಂದೆ. ಅವರು ತಲೆ ಎತ್ತಲಿಲ್ಲ, ಬೆರಳಿನಿಂದ ಗೋಣಿಯ ಮೇಲಿನ ಪುಡಿ ಸವರಿ ತೆಗೆಯುತ್ತಿದ್ದರು. "ನಿಮ್ಮಪ್ಪ ಇಲ್ಲಿ ಸಂದು ಬಿಟ್ಟಿದ್ದು ನಿಮಗ ಮೊದಲಿಂದ ಗೊತ್ತಿತ್ತು. ಹಂಗಿದ್ದ ಮ್ಯಾಲ ವರ್ಷಾ ಕ್ರಿಸ್ಮಸ್ಸಿಗೆ ಬಂದು ನಿಮ್ಮ ಕೈಯಾರೆ ಅದನ್ನ ಯಾಕ ಮುಚ್ಚಿದ್ರಿ? ಇಷ್ಟು ವರ್ಷ ನೀವೂ ಇದು ಅಪ್ಪನ ತಪ್ಪು ಅಂತಽ ತಿಳದು, ಯಾರಿಗೂ ಕಾಣಬಾರದಂತ ಮುಚ್ಚಿದ್ರೇನು?"